ಜಾರಲೂ ಬೇಕು, ಹಿಡಿಯಲೂ ಬೇಕು

ಬೆಂಗಳೂರಿನ ಜೆ.ಸಿ. ರಸ್ತೆಯ ಯಾವುದಾದರೂ ಸ್ಪೇರ್ ಪಾರ್ಟ್ಸ್ ಅಂಗಡಿಗೆ ಹೋಗಿ ‘ಆಟೋಮ್ಯಾಟಿಕ್ ಗಾಡಿಗೆ ಗೇರ್ ಆಯಿಲ್ ಕೊಡಿ’ ಎಂದು ಕೇಳಿ ನೋಡಿ. ಕಸುಬು ಬಲ್ಲ ಅಂಗಡಿಯವರಾದರೆ ಡಬ್ಬಕ್ಕೆ ಕೈ ಹಾಕುವ ಮೊದಲು ‘ಯಾವ ಆಟೋಮ್ಯಾಟಿಕ್ ಸಾರ್, ಯಾವ ವರ್ಷದ ಗಾಡಿ?’ ಎಂದು ತಿರುಗಿ ಕೇಳುತ್ತಾರೆ. ಅರಿಯದವರು ಕೆಂಪು ಆಯಿಲ್‌ನ ಡಬ್ಬವೊಂದನ್ನು ಮುಂದಿಟ್ಟು ‘ಇದು ಎಲ್ಲಾದಕ್ಕೂ ಆಗುತ್ತೆ’ ಎನ್ನುತ್ತಾರೆ. ಎರಡನೆಯವರ ಮಾತು ಕೇಳಿ ಬಂದವರು ಕಡೆಗೆ ತೆರಬೇಕಾಗಿ ಬರುವುದು ಡಬ್ಬದ ಬೆಲೆಯನ್ನಲ್ಲ, ಗೇರ್‌ಬಾಕ್ಸ್‌ನ ಬೆಲೆಯನ್ನು.

ಎಡಗಾಲಿಗೆ ಕೆಲಸವಿಲ್ಲದ ಕಾರೆಲ್ಲ ನಮ್ಮ ಬಾಯಲ್ಲಿ ‘ಆಟೋಮ್ಯಾಟಿಕ್’ಕೇ. ಬಾನೆಟ್ ಎತ್ತಿದರೆ ಮಾತ್ರ ಅವು ನಾಲ್ಕು ಬೇರೆ ಬೇರೆ ಕುಲದವು. 2014ರಲ್ಲಿ ಮಾರುತಿ ಸೆಲೆರಿಯೊ ಜೊತೆ ನಮ್ಮಲ್ಲಿಗೆ ಬಂದ ಎಎಂಟಿ ಇದೆಯಲ್ಲ, ಅದರೊಳಗೆ ಇರುವುದು ಹಳೆಯ ಮ್ಯಾನುವಲ್ ಗೇರ್‌ಬಾಕ್ಸೇ. ಕ್ಲಚ್ ಒತ್ತುವುದು, ಗೇರ್ ಹಾಕುವುದು ನಮ್ಮ ಕೈಕಾಲಿನ ಬದಲು ಒಂದು ಪುಟ್ಟ ಯಂತ್ರ, ಅಷ್ಟೇ. ಆದ್ದರಿಂದ ಆ ಗೇರ್‌ಬಾಕ್ಸ್‌ಗೆ ಮ್ಯಾನುವಲ್ ಗಾಡಿಯ ಗೇರ್ ಆಯಿಲ್ಲೇ ಬೇಕು; ಗೇರ್ ಬದಲಿಸುವ ಯಂತ್ರ ಹೈಡ್ರಾಲಿಕ್ ಆಗಿದ್ದರೆ ಅದಕ್ಕೆ ಬೇರೆಯದೇ ಒಂದು ದ್ರವ, ಪುಟ್ಟ ಡಬ್ಬಿಯಲ್ಲಿ. ಹೋಂಡಾ ಸಿಟಿಯಂಥ ಕಾರುಗಳಲ್ಲಿರುವ ಸಿವಿಟಿಯಲ್ಲಿ ಗೇರ್ ಹಲ್ಲುಗಳ ಬದಲು ಎರಡು ಪುಲ್ಲಿ, ನಡುವೆ ಉಕ್ಕಿನ ಬೆಲ್ಟ್. ಫೋಕ್ಸ್‌ವ್ಯಾಗನ್, ಸ್ಕೋಡಾ, ಹ್ಯುಂಡೈಗಳ ಕೆಲವು ಮಾದರಿಗಳಲ್ಲಿ ಎರಡು ಕ್ಲಚ್ಚಿನ ಡಿಸಿಟಿ. ಇನ್ನು ಬಿಡದಿಯಲ್ಲಿ ತಯಾರಾದ ಇನ್ನೋವಾ ಕ್ರಿಸ್ಟಾದ 6 ಸ್ಪೀಡ್ ಆಟೋಮ್ಯಾಟಿಕ್, ಡೀಸೆಲ್ ಕ್ರೆಟಾದ ಆಟೋಮ್ಯಾಟಿಕ್, ಇವು ಟಾರ್ಕ್ ಕನ್ವರ್ಟರ್ ಇರುವ ಮೂಲ ವಂಶದವು. ಎಟಿಎಫ್ ಎಂದು ಚುಟುಕಾಗಿ ಕರೆಯುವ ಆಟೋಮ್ಯಾಟಿಕ್ ಟ್ರಾನ್ಸ್‌ಮಿಷನ್ ಫ್ಲೂಯಿಡ್ ಹುಟ್ಟಿದ್ದು ಇವುಗಳಿಗಾಗಿ. ಒಂದಕ್ಕೆ ಅಮೃತವಾದ ಆಯಿಲ್ ಇನ್ನೊಂದಕ್ಕೆ ವಿಷ.

ಏಕೆ ಹೀಗೆ ಎಂದು ತಿಳಿಯಲು ಆ ಆಯಿಲ್ ಒಳಗೆ ಮಾಡುವ ಕೆಲಸ ನೋಡಬೇಕು. ಎಂಜಿನ್ ಆಯಿಲ್‌ಗೆ ಇರುವ ಮುಖ್ಯ ಕೆಲಸ ಜಾರಿಸುವುದು, ಜೊತೆಗೆ ತಣಿಸುವುದು, ತೊಳೆಯುವುದು. ಎಟಿಎಫ್ ಅವಷ್ಟನ್ನೂ ಮಾಡಿ, ಮೇಲೆ ಇನ್ನೂ ಮೂರು ಹೊರೆ ಹೊರುತ್ತದೆ. ಮೊದಲನೆಯದು, ಎಂಜಿನ್ನಿನ ಶಕ್ತಿಯನ್ನು ಚಕ್ರದ ಕಡೆಗೆ ಸಾಗಿಸುವುದು. ಟಾರ್ಕ್ ಕನ್ವರ್ಟರ್‌ನಲ್ಲಿ ಎದುರುಬದುರು ಎರಡು ರೆಕ್ಕೆಗಾಲಿಗಳು. ಎಂಜಿನ್ ಕಡೆಯದು ಆಯಿಲನ್ನು ರಭಸದಿಂದ ಎರಚುತ್ತದೆ, ಆ ರಭಸಕ್ಕೆ ಗೇರ್‌ಬಾಕ್ಸ್ ಕಡೆಯದು ತಿರುಗುತ್ತದೆ. ನಿಧಾನದ ವೇಗದಲ್ಲಿ ನಡುವೆ ಲೋಹದ ಕೊಂಡಿಯಿಲ್ಲ, ಇರುವುದು ಆಯಿಲ್ ಮಾತ್ರ. ಸಿಗ್ನಲ್‌ನಲ್ಲಿ ‘ಡಿ’ಯಲ್ಲೇ ಬ್ರೇಕ್ ತುಳಿದು ನಿಂತರೂ ಎಂಜಿನ್ ಆಫ್ ಆಗದಿರುವುದು ಇದರಿಂದಲೇ. ಎರಡನೆಯದು, ಒತ್ತಡವಾಗಿ ನಿಂತು ಗೇರ್ ಬದಲಿಸುವುದು. ವಾಲ್ವ್ ಬಾಡಿ ಎಂಬ ಅಲ್ಯೂಮಿನಿಯಂ ಅಚ್ಚಿನೊಳಗಿನ ಕಿರುಗಾಲುವೆಗಳಲ್ಲಿ ಹರಿದು, ಯಾವ ಕ್ಲಚ್ ಹಿಡಿಯಬೇಕೋ ಅದರ ಪಿಸ್ಟನ್ನನ್ನು ಒತ್ತುವುದೂ ಈ ಆಯಿಲ್ಲೇ.

ಮೂರನೆಯದೇ ನಿಜವಾದ ತಲೆನೋವು. ಗೇರ್‌ಬಾಕ್ಸ್ ಒಳಗಿನ ಕ್ಲಚ್ ಪ್ಲೇಟುಗಳು ಕಾಗದದಂಥ ನಾರಿನ ಹೊದಿಕೆಯವು, ಸದಾ ಆಯಿಲ್‌ನಲ್ಲಿ ಮುಳುಗಿರುತ್ತವೆ. ಅದೇ ಆಯಿಲ್ ಗೇರಿನ ಹಲ್ಲಿಗೂ ಬೇರಿಂಗಿಗೂ ಜಾರಿಕೆ ಕೊಡಬೇಕು. ಕ್ಲಚ್ ಪ್ಲೇಟುಗಳು ಒಂದನ್ನೊಂದು ಅಪ್ಪುವ ಗಳಿಗೆಯಲ್ಲಿ ಅವನ್ನು ಜಾರಗೊಡಲೂಬಾರದು. ತೀರಾ ಬೇಗ ಕಚ್ಚಿಕೊಂಡರೆ ಗಾಡಿ ಜರ್ಕ್ ಹೊಡೆಯುತ್ತದೆ. ತೀರಾ ನಿಧಾನಿಸಿದರೆ ಪ್ಲೇಟುಗಳು ಉಜ್ಜಿ ಉಜ್ಜಿ ಸುಟ್ಟುಹೋಗುತ್ತವೆ. ಎಷ್ಟು ಹೊತ್ತಿನಲ್ಲಿ, ಎಷ್ಟು ಬಿಗಿಯಾಗಿ ಹಿಡಿಯಬೇಕು ಎಂಬುದನ್ನು ಆಯಿಲ್‌ಗೆ ಬೆರೆಸಿದ ರಾಸಾಯನಿಕಗಳು ತೀರ್ಮಾನಿಸುತ್ತವೆ. ಗೇರ್‌ಬಾಕ್ಸ್ ಕಂಪ್ಯೂಟರಿನ ಲೆಕ್ಕಾಚಾರವೆಲ್ಲ ಆ ನಿರ್ದಿಷ್ಟ ಹಿಡಿತವನ್ನು ನಂಬಿಕೊಂಡೇ ಬರೆದದ್ದು. ಆದ್ದರಿಂದ ಇದನ್ನು ಎಣ್ಣೆ ಎಂದು ನೋಡುವುದಕ್ಕಿಂತ ಗೇರ್‌ಬಾಕ್ಸ್‌ನ ಒಂದು ಬಿಡಿಭಾಗ ಎಂದು ನೋಡುವುದೇ ಸರಿ. ಬೇರೆ ಕಾರಿನ ಗೇರ್ ಚಕ್ರವನ್ನು ನಮ್ಮ ಕಾರಿಗೆ ಹಾಕಿಸಲು ಯಾರೂ ಹೋಗುವುದಿಲ್ಲ. ಬೇರೆ ಕಾರಿನ ಆಯಿಲ್ ಹಾಕಿಸಲು ಮಾತ್ರ ಯಾರಿಗೂ ಅಳುಕಿಲ್ಲ.

ದ್ರವದ ಮೂಲಕ ಶಕ್ತಿ ಸಾಗಿಸುವ ಉಪಾಯ ಕಾರಿನವರದಲ್ಲ. ಜರ್ಮನಿಯ ಹರ್ಮನ್ ಫೋಟಿಂಗರ್ ಹಡಗುಗಳಿಗೆಂದು 1905ರಲ್ಲಿ ಪೇಟೆಂಟ್ ಪಡೆದ ವಿದ್ಯೆ ಅದು. ಪೂರ್ತಿ ತಾನೇ ಗೇರ್ ಬದಲಿಸುವ ಪೆಟ್ಟಿಗೆಯನ್ನು ದೊಡ್ಡ ಸಂಖ್ಯೆಯಲ್ಲಿ ತಯಾರಿಸಿ ಮಾರಿದ್ದು ಅಮೆರಿಕದ ಜನರಲ್ ಮೋಟರ್ಸ್, 1940ರ ಮಾದರಿಯ ಓಲ್ಡ್ಸ್‌ಮೊಬೈಲ್ ಕಾರಿನಲ್ಲಿ, ಹೆಸರು ಹೈಡ್ರಾಮ್ಯಾಟಿಕ್. ಎರಡನೇ ಮಹಾಯುದ್ಧದಲ್ಲಿ ಅದೇ ಪೆಟ್ಟಿಗೆ ಟ್ಯಾಂಕುಗಳೊಳಗೂ ಕೂತಿತು. ಯುದ್ಧ ಮುಗಿದು 1949ರಲ್ಲಿ ಕಂಪನಿ ‘ಟೈಪ್ ಎ’ ಎಂಬ ಆಯಿಲ್ ಮಾನದಂಡ ಹೊರತಂದಿತು.

ಆ ಕಾಲದ ಎಟಿಎಫ್‌ನಲ್ಲಿ ಹಿಡಿತ ಹದಮಾಡುತ್ತಿದ್ದ ವಸ್ತು ಬರುತ್ತಿದ್ದದ್ದು ಸಮುದ್ರದಿಂದ. ಸ್ಪರ್ಮ್ ತಿಮಿಂಗಿಲದ ತಲೆಯಲ್ಲಿ ಸಿಗುವ, ಮೇಣದ ಗುಣವುಳ್ಳ ಎಣ್ಣೆ ಎಂಥ ಬಿಸಿಗೂ ಎಂಥ ಒತ್ತಡಕ್ಕೂ ಜಗ್ಗುತ್ತಿರಲಿಲ್ಲ. ಅಮೆರಿಕ ಆ ತಿಮಿಂಗಿಲವನ್ನು 1970ರಲ್ಲಿ ಅಳಿವಿನಂಚಿನ ಜೀವಿಗಳ ಪಟ್ಟಿಗೆ ಸೇರಿಸಿದ ಮೇಲೆ ಆ ಎಣ್ಣೆಯ ಬಾಗಿಲು ಮುಚ್ಚಿತು. ಬದಲಿ ರಾಸಾಯನಿಕಗಳ ಹುಡುಕಾಟ ಸುಲಭದ್ದಾಗಿರಲಿಲ್ಲ. ಮೊದಮೊದಲ ಬದಲಿ ಆಯಿಲ್‌ಗಳು ರೇಡಿಯೇಟರಿನೊಳಗಿನ ಆಯಿಲ್ ಕೂಲರ್‌ನ ಬೆಸುಗೆಯನ್ನೇ ತಿಂದವು, ಕೂಲಂಟ್ ಗೇರ್‌ಬಾಕ್ಸ್‌ಗೆ ನುಗ್ಗಿತು, ಗೇರ್‌ಬಾಕ್ಸ್‌ಗಳು ಸಾಲುಸಾಲಾಗಿ ಕೆಟ್ಟವು. ತುಕ್ಕು ತಡೆಯುವ ಅಂಶ ಸೇರಿಸಿ ಮತ್ತೆ ಆಯಿಲ್ ತಿದ್ದಬೇಕಾಯಿತು. ತಿಮಿಂಗಿಲದ ಎಣ್ಣೆಗೆ ರಾಸಾಯನಿಕವಾಗಿ ಹತ್ತಿರದ ನೆಂಟ ಎಂದರೆ ಜೊಜೊಬಾ ಎಂಬ ಮರುಭೂಮಿ ಗಿಡದ ಬೀಜದ ಎಣ್ಣೆ. ಇಂದು ರಾಜಸ್ಥಾನದಲ್ಲೂ ಬೆಳೆಯುವ ಆ ಗಿಡದ ಮೇಲೆ ಜಗತ್ತಿನ ಕಣ್ಣು ಬಿದ್ದದ್ದಕ್ಕೆ ಆ ದಿನಗಳ ಪರದಾಟ ದೊಡ್ಡ ಕಾರಣ.

ಹೀಗೆ ತಿದ್ದುತ್ತಾ ತಿದ್ದುತ್ತಾ ಮಾನದಂಡಗಳ ದೊಡ್ಡ ಸಂಸಾರವೇ ಬೆಳೆಯಿತು. ಜನರಲ್ ಮೋಟರ್ಸ್‌ನ ಡೆಕ್ಸ್‌ರಾನ್, ಫೋರ್ಡ್‌ನ ಮರ್ಕಾನ್, ಟೊಯೊಟಾದ ಟಿ-4 ಹಾಗೂ ಡಬ್ಲ್ಯುಎಸ್, ಹ್ಯುಂಡೈ–ಕಿಯಾದ ಎಸ್‌ಪಿ-3, ಎಸ್‌ಪಿ-4, ಹೋಂಡಾದ ಡಿಡಬ್ಲ್ಯು-1, ಸಿವಿಟಿಗಳಿಗೆ ನಿಸ್ಸಾನ್‌ನ ಎನ್‌ಎಸ್-3, ಹೋಂಡಾದ ಎಚ್‌ಸಿಎಫ್-2. ದಾರಿ ಸಾಗಿದಂತೆ ಆಯಿಲ್‌ಗಳು ತೆಳ್ಳಗಾದವು. ಡೆಕ್ಸ್‌ರಾನ್-3ಕ್ಕಿಂತ 2005ರಲ್ಲಿ ಬಂದ ಡೆಕ್ಸ್‌ರಾನ್-6 ತೆಳು, ಟೊಯೊಟಾದ ಡಬ್ಲ್ಯುಎಸ್ ಇನ್ನೂ ತೆಳು. ತೆಳುವಾದಷ್ಟೂ ಒಳಗಿನ ಎಳೆತ ಕಡಿಮೆ, ಮೈಲೇಜ್ ಜಾಸ್ತಿ. ಹಾಗೆಂದು ತೆಳು ಆಯಿಲ್‌ಗೆಂದೇ ರೂಪಿಸಿದ ಪೆಟ್ಟಿಗೆಗೆ ‘ನಮ್ಮ ಬಿಸಿಲಿಗೆ ದಪ್ಪ ಆಯಿಲ್ ಒಳ್ಳೇದು’ ಎಂದು ಹಳೆಯ ಜಾತಿಯದನ್ನು ಸುರಿಯುವುದು ಉಪಕಾರವಲ್ಲ. ಆ ಮಾತು ಗ್ಯಾರೇಜುಗಳಲ್ಲಿ ಇಂದಿಗೂ ಕೇಳಿಬರುತ್ತದೆ.

ಇಲ್ಲೇ ಅಂಗಡಿಯಲ್ಲಿ ಕಣ್ಣಿಡಬೇಕಾದ ಒಂದು ವಿಷಯ. ಡೆಕ್ಸ್‌ರಾನ್-3ಕ್ಕೆ ಕೊಟ್ಟಿದ್ದ ಪರವಾನಗಿಗಳನ್ನು ಜನರಲ್ ಮೋಟರ್ಸ್ 2006ರ ಕೊನೆಗೇ ನಿಲ್ಲಿಸಿತು. ಅಂದಮೇಲೆ ಇಂದು ಆ ಹೆಸರು ಹೊತ್ತು ಬರುವ ಡಬ್ಬಗಳನ್ನು ಮೂಲ ಕಂಪನಿ ಪರೀಕ್ಷಿಸಿ ಒಪ್ಪಿರುವುದಿಲ್ಲ. ಅವೆಲ್ಲ ಕೆಟ್ಟವು ಎಂದಲ್ಲ. ಹೊಣೆ ಮಾತ್ರ ತಯಾರಕರದೇ. ‘ಮಲ್ಟಿ ವೆಹಿಕಲ್’ ಎಂಬ ಸರ್ವಸಮ್ಮತ ಆಯಿಲ್‌ಗಳದ್ದೂ ಇದೇ ಕತೆ. ಡಬ್ಬದ ಹಿಂದೆ ‘ಇಂಥ ಕಂಪನಿ ಅನುಮೋದಿಸಿದೆ’ ಎಂದಿರುವುದು ಬೇರೆ, ‘ಇಂಥ ಕಡೆ ಬಳಸಬಹುದು’ ಎಂದಿರುವುದು ಬೇರೆ. ಎರಡನೆಯದು ಆಯಿಲ್ ಮಾರುವವನ ಅಭಿಪ್ರಾಯ. ಹೆಸರಾಂತ ಕಂಪನಿಯದಾದರೆ, ಹಳೆಯ ಸಾದಾ ಪೆಟ್ಟಿಗೆಗೆ ಅಂಥದ್ದನ್ನು ನಾನು ಬೇಡವೆನ್ನುವುದಿಲ್ಲ. ವಾರಂಟಿಯಿರುವ ಗಾಡಿಗೆ, ಸಿವಿಟಿಗೆ, ಡಿಸಿಟಿಗೆ ಮಾತ್ರ ಕಾರಿನ ಕೈಪಿಡಿಯಲ್ಲಿ ಅಚ್ಚಾಗಿರುವ ಹೆಸರೇ ಬೇಕು. ಸಿವಿಟಿಯ ವಿಷಯದಲ್ಲಂತೂ ರಾಜಿಯೇ ಇಲ್ಲ. ಅಲ್ಲಿ ಉಕ್ಕಿನ ಬೆಲ್ಟ್ ಉಕ್ಕಿನ ಪುಲ್ಲಿಯನ್ನು ಹಿಡಿದು ಎಳೆಯುವುದು ನಡುವಿನ ಆಯಿಲ್ ಪೊರೆಯ ಬಲದ ಮೇಲೆ. ಮಾಮೂಲಿ ಎಟಿಎಫ್ ಹಾಕಿದರೆ ಬೆಲ್ಟ್ ಜಾರಿ ಪುಲ್ಲಿಯ ಮೈಮೇಲೆ ಗೀರು ಬೀಳುತ್ತದೆ. ಆಮೇಲೆ ಎಷ್ಟು ಒಳ್ಳೆಯ ಆಯಿಲ್ ಸುರಿದರೂ ಆ ಗೀರು ಮಾಯುವುದಿಲ್ಲ. ಬಣ್ಣ ನೋಡಿ ಆರಿಸುವುದೂ ಕೂಡದು. ಕೆಂಪು ಎಂಬುದು ಸೋರಿದರೆ ಎಲ್ಲಿಂದ ಸೋರಿತೆಂದು ಗೊತ್ತಾಗಲೆಂದು ಬೆರೆಸಿದ ಬಣ್ಣ. ಜರ್ಮನಿಯ ಝಡ್‌ಎಫ್ ಕಂಪನಿಯ 8 ಸ್ಪೀಡ್ ಪೆಟ್ಟಿಗೆಯ ಆಯಿಲ್ ಹಸಿರು.

ಆಯ್ಕೆಯಲ್ಲಿ ಎಡವುವುದು ಬರೀ ನಮ್ಮ ನಿಮ್ಮಂಥವರಲ್ಲ. 2013ರ ನವೆಂಬರಿನಲ್ಲಿ ಫೋಕ್ಸ್‌ವ್ಯಾಗನ್ ಕಂಪನಿ ಡಿಎಸ್‌ಜಿ ಎಂದು ತಾನು ಕರೆಯುವ 7 ಸ್ಪೀಡ್ ಡಿಸಿಟಿ ಗೇರ್‌ಬಾಕ್ಸ್ ಇರುವ ಸುಮಾರು 16 ಲಕ್ಷ ಕಾರುಗಳನ್ನು ಆಯಿಲ್ ಬದಲಿಸಲೆಂದು ವಾಪಸು ಕರೆಯಿತು. ಬಿಸಿಯ, ತೇವದ ಹವೆಯಲ್ಲಿ ನಿಂತು ನಿಂತು ಓಡುವ ಕಾರುಗಳಲ್ಲಿ ಸಿಂಥೆಟಿಕ್ ಆಯಿಲ್‌ನಿಂದಾಗಿ ಗೇರ್‌ಬಾಕ್ಸ್‌ನ ವಿದ್ಯುತ್ ಭಾಗಗಳು ಕೈಕೊಡಬಹುದು ಎಂಬುದು ಕಾರಣ. ಸಿಂಥೆಟಿಕ್ ತೆಗೆದು ಅಗ್ಗದ್ದೆಂದು ನಾವು ಮೂಗು ಮುರಿಯುವ ಮಿನರಲ್ ಆಯಿಲ್ ಹಾಕಿಕೊಟ್ಟರು. ದುಬಾರಿಯಾದದ್ದೇ ಮೇಲು ಎನ್ನುವವರು ಇದನ್ನು ಗಮನಿಸಬೇಕು.

ಇನ್ನು ಬದಲಾವಣೆ. ‘ಈ ಗಾಡಿಯ ಗೇರ್‌ಬಾಕ್ಸ್ ಆಯಿಲ್ ಲೈಫ್‌ಟೈಮ್ ಸಾರ್, ಮುಟ್ಟೋ ಹಾಗೇ ಇಲ್ಲ’ ಎಂದು ಸರ್ವಿಸ್ ಸೆಂಟರಿನವರು ಹೇಳುವುದುಂಟು. ಈ ಮಾತನ್ನು ನಾನು ನಂಬುವುದಿಲ್ಲ. ಆಯಿಲ್ ಒಂದು ರಾಸಾಯನಿಕ ಮಿಶ್ರಣ. ಬಿಸಿಗೆ ಅದು ಹಳಸುತ್ತದೆ, ಹಿಡಿತ ಹದಮಾಡುವ ಅಂಶಗಳು ಸವೆಯುತ್ತವೆ, ಕ್ಲಚ್ ಪ್ಲೇಟಿನ ಪುಡಿ ಅದರಲ್ಲೇ ತೇಲುತ್ತದೆ. ಗೇರ್‌ಬಾಕ್ಸ್ ತಯಾರಿಸುವವರೇ ಇದನ್ನು ಒಪ್ಪುತ್ತಾರೆ. ಅನೇಕ ಯುರೋಪಿಯನ್ ಕಾರುಗಳಿಗೆ ಪೆಟ್ಟಿಗೆ ಕೊಡುವ ಝಡ್‌ಎಫ್, ತನ್ನ ಪೆಟ್ಟಿಗೆಗಳ ಆಯಿಲ್ಲನ್ನು 80,000ದಿಂದ 1,20,000 ಕಿ.ಮೀ. ನಡುವೆ, ಇಲ್ಲವೇ ಹೆಚ್ಚೆಂದರೆ 8 ವರ್ಷಕ್ಕೆ ಬದಲಿಸಿ ಎನ್ನುತ್ತದೆ. ಅದೇ ಪೆಟ್ಟಿಗೆ ಕೂತಿರುವ ಕಾರುಗಳ ಕೈಪಿಡಿಗಳಲ್ಲಿ ಕೆಲವು ಆಯಿಲ್ ಬದಲಾವಣೆಯ ಸುದ್ದಿಯನ್ನೇ ಎತ್ತುವುದಿಲ್ಲ. ಕಾರು ಮಾರುವವರಿಗೆ ‘ಸರ್ವಿಸ್ ಖರ್ಚು ಕಡಿಮೆ’ ಎಂದು ತೋರಿಸುವ ಆಸೆ. ವಾರಂಟಿ ಮುಗಿದ ಮೇಲಿನ ಗೇರ್‌ಬಾಕ್ಸ್ ಅವರ ಚಿಂತೆಯಲ್ಲ. ಅದು ಎರಡನೇ ಮಾಲೀಕರ ಚಿಂತೆ, ಮತ್ತು ಸೆಕೆಂಡ್‌ಹ್ಯಾಂಡ್ ಪೇಟೆ ಬೆಳೆದ ಹಾಗೆಲ್ಲ ನಮ್ಮಲ್ಲಿ ಅನೇಕರು ಆ ಎರಡನೇ ಮಾಲೀಕರೇ.

ಕೈಪಿಡಿಯಲ್ಲಿ ಇನ್ನೊಂದು ಪುಟವಿರುತ್ತದೆ, ಯಾರೂ ಓದದ ಪುಟ: ‘ಕಠಿಣ ಬಳಕೆ’ಯ ವೇಳಾಪಟ್ಟಿ. ನಿಂತು ನಿಂತು ಓಡುವ ಟ್ರಾಫಿಕ್, ಅತಿ ಬಿಸಿಲು, ಧೂಳು, ಚಿಕ್ಕ ಚಿಕ್ಕ ಓಡಾಟ, ಬೆಟ್ಟದ ಏರು, ಹೊರೆ. ಕಾರು ಕಂಪನಿಯ ಕಣ್ಣಲ್ಲಿ ಅಪರೂಪವಾದದ್ದು ಬೆಂಗಳೂರಿನ ಸಿಲ್ಕ್ ಬೋರ್ಡ್ ಜಂಕ್ಷನ್ ದಾಟುವವರಿಗೆ ಸೋಮವಾರ ಬೆಳಿಗ್ಗೆ. ತೆವಳುವ ವೇಗದಲ್ಲಿ ಟಾರ್ಕ್ ಕನ್ವರ್ಟರ್‌ನ ಎರಡು ರೆಕ್ಕೆಗಾಲಿಗಳನ್ನು ಒಂದಕ್ಕೊಂದು ಬೆಸೆಯುವ ಲಾಕ್‌ಅಪ್ ಕ್ಲಚ್ ಹಿಡಿಯುವುದಿಲ್ಲ, ಆಯಿಲ್ ಬರೀ ಕಲಕಿ ಕಲಕಿ ಕಾಯುತ್ತದೆ. ತುಂಬಿದ ಗಾಡಿಯಲ್ಲಿ ಚಾರ್ಮಾಡಿಯನ್ನೋ ಆಗುಂಬೆಯನ್ನೋ ಹತ್ತುವಾಗಲೂ ಅದೇ ಪಾಡು. ಸುಮಾರು 10 ಡಿಗ್ರಿ ಬಿಸಿ ಏರಿದರೆ ಆಯಿಲ್ ಹಳಸುವ ವೇಗ ಇಮ್ಮಡಿಯಾಗುತ್ತದೆ ಎಂಬುದು ಎಣ್ಣೆತಜ್ಞರ ಒರಟು ಲೆಕ್ಕ. ಹಾಗಾಗಿ ನನ್ನ ಲೆಕ್ಕವೂ ಸರಳ. ಕೈಪಿಡಿ ಕಠಿಣ ಬಳಕೆಗೆ ಒಂದು ಅಂಕಿ ಕೊಟ್ಟಿದ್ದರೆ ಅದನ್ನೇ ಹಿಡಿಯುವುದು. ಕೊಡದಿದ್ದರೆ ಊರೊಳಗೇ ಓಡುವ ಟಾರ್ಕ್ ಕನ್ವರ್ಟರ್ ಗಾಡಿಗೆ 60,000 ಕಿ.ಮೀ. ದಾಟಗೊಡದಿರುವುದು. ಫೋಕ್ಸ್‌ವ್ಯಾಗನ್ ತನ್ನ 6 ಸ್ಪೀಡ್ ಒದ್ದೆ ಕ್ಲಚ್ಚಿನ, ಅಂದರೆ ಆಯಿಲ್‌ನಲ್ಲಿ ಮುಳುಗಿರುವ ಕ್ಲಚ್ಚಿನ, ಡಿಎಸ್‌ಜಿಗೆ ಹೇಳಿದ್ದೂ ಅದೇ 60,000.

ಬದಲಿಸುವ ಕೆಲಸಕ್ಕೆ ಬರೋಣ. ಎಂಜಿನ್ ಆಯಿಲ್ ಬೋಲ್ಟ್ ಬಿಚ್ಚಿದರೆ ಬಹುಮಟ್ಟಿಗೆ ಎಲ್ಲ ಇಳಿದುಬಿಡುತ್ತದೆ. ಎಟಿಎಫ್ ಹಾಗಲ್ಲ. ಟಾರ್ಕ್ ಕನ್ವರ್ಟರ್‌ನಲ್ಲಿ, ಕೂಲರ್‌ನಲ್ಲಿ, ಪೈಪುಗಳಲ್ಲಿ ಅಡಗಿದ್ದು ಅಲ್ಲೇ ಉಳಿಯುತ್ತದೆ. ಒಟ್ಟು 7 ಲೀಟರ್ ಹಿಡಿಯುವ ಪೆಟ್ಟಿಗೆಯಿಂದ ಒಂದು ಸಲಕ್ಕೆ 3 ಲೀಟರ್ ಇಳಿಯಿತು ಎನ್ನಿ. ಹೊಸದು 3 ಹಾಕಿದರೆ ಒಳಗೆ ಶೇ 43ರಷ್ಟು ಮಾತ್ರ ಹೊಸದು. ಕೆಲವು ದಿನ ಓಡಿಸಿ ಮತ್ತೆ ಇಳಿಸಿ ಹಾಕಿದರೆ ಶೇ 67, ಮೂರನೇ ಸಲಕ್ಕೆ ಶೇ 81. ‘ಒಂದೇ ಸಲಕ್ಕೆ ಎಲ್ಲಾ ಬದಲಿಸ್ತೀವಿ’ ಎಂದು ಯಂತ್ರ ಹಚ್ಚಿ ಹಳೆಯದನ್ನು ಪೂರ್ತಿ ಹೊರದಬ್ಬುವ ಫ್ಲಶ್ ವಿಧಾನವೂ ಇದೆ. ಗೇರ್‌ಬಾಕ್ಸ್‌ನ ಸ್ವಂತ ಪಂಪಿನ ಒತ್ತಡದಲ್ಲೇ ಹಳೆಯದು ಹೊರಬಂದು ಹೊಸದು ಒಳಹೋಗುವ ಬಗೆಯದಾದರೆ ತಕರಾರಿಲ್ಲ. ತೊಳೆಯುವ ರಾಸಾಯನಿಕ ಬೆರೆಸಿ, ಹೊರಗಿನ ಒತ್ತಡ ಕೊಟ್ಟು ನುಗ್ಗಿಸುವ ಬಗೆಯದಾದರೆ, ಮೂಲೆಯಲ್ಲಿ ಸುಮ್ಮನೆ ಕೂತಿದ್ದ ಕಸ ಎದ್ದು ವಾಲ್ವ್ ಬಾಡಿಯ ಸಂದಿಗೆ ಸಿಕ್ಕಿಕೊಳ್ಳಬಹುದು. ಎರಡು ಮೂರು ಕಂತಿನ ಡ್ರೈನ್ ತಡವಾದರೂ ನನಗೆ ಅದೇ ಮೆಚ್ಚು.

ಅನುಭವಸ್ಥ ಮೆಕ್ಯಾನಿಕ್ ಯಾರೆಂದು ಮೊದಲ ನಿಮಿಷದಲ್ಲೇ ಗೊತ್ತಾಗುತ್ತದೆ. ಗಾಡಿಯನ್ನು ಲಿಫ್ಟ್ ಮೇಲೆ ಸಮಮಟ್ಟಕ್ಕೆ ಏರಿಸಿ, ಡ್ರೈನ್ ಬೋಲ್ಟ್ ಮುಟ್ಟುವ ಮುಂಚೆ ಮೇಲಿನ ಫಿಲ್ಲರ್ ಬೋಲ್ಟ್ ಸಡಿಲಾಗುತ್ತದೆಯೇ ಎಂದು ನೋಡುತ್ತಾರೆ. ಆಯಿಲ್ ಪೂರ್ತಿ ಇಳಿದ ಮೇಲೆ ಮೇಲಿನದು ತುಕ್ಕು ಹಿಡಿದು ಕೂತಿದೆ ಎಂದು ಗೊತ್ತಾದರೆ ಗಾಡಿ ಅಲ್ಲೇ ಬಿಡಾರ ಹೂಡಬೇಕಾಗುತ್ತದೆ. ಇಳಿದ ಆಯಿಲನ್ನು ಅಳೆದಿಡುತ್ತಾರೆ. ಎಷ್ಟು ಇಳಿಯಿತೋ ಮೊದಲಿಗೆ ಅಷ್ಟೇ ಹಾಕುವುದು. ಬೋಲ್ಟಿನ ವಾಷರ್ ಹೊಸದು. ತಳದ ಆಯಿಲ್ ಪ್ಯಾನ್ ಬಿಚ್ಚುವ ಮಾದರಿಯಾದರೆ ಗ್ಯಾಸ್ಕೆಟ್ ಹೊಸದು, ಫಿಲ್ಟರ್ ಹೊಸದು. ಕೆಲವು ಪೆಟ್ಟಿಗೆಗಳಲ್ಲಿ ಪ್ಲಾಸ್ಟಿಕ್ ಪ್ಯಾನಿಗೇ ಫಿಲ್ಟರ್ ಅಂಟಿಕೊಂಡಿರುತ್ತದೆ, ಪ್ಯಾನನ್ನೇ ಬದಲಿಸಬೇಕು. ಪ್ಯಾನಿನ ಬೋಲ್ಟುಗಳು ಸಣ್ಣವು, ಕಂಪನಿ ಹೇಳಿದಷ್ಟೇ ಬಿಗಿ ಸಾಕು. ತೋಳಿನ ಬಲ ತೋರಿಸಿದರೆ ಅಲ್ಯೂಮಿನಿಯಂ ಥ್ರೆಡ್ ಕಿತ್ತು ಬರುತ್ತದೆ. ಮನೆಯಂಗಳದಲ್ಲಿ ಜಾಕ್ ಕೊಟ್ಟು ಗಾಡಿಯಡಿ ನುಸುಳುವ ಉತ್ಸಾಹಿಗಳಿಗೆ ಒಂದೇ ಮಾತು: ಬರೀ ಜಾಕ್ ನಂಬಿ ಗಾಡಿಯಡಿ ಹೋಗಬೇಡಿ, ಸ್ಟ್ಯಾಂಡ್ ಇಲ್ಲದಿದ್ದರೆ ಈ ಕೆಲಸ ಗ್ಯಾರೇಜಿಗೇ ಬಿಡಿ.

ಎಡವಟ್ಟು ಹೆಚ್ಚಾಗಿ ಆಗುವುದು ಮಟ್ಟ ನೋಡುವಲ್ಲಿ. ಬಿಸಿಯಾದಂತೆ ಆಯಿಲ್ ಹಿಗ್ಗುತ್ತದೆ. ಆದ್ದರಿಂದ ತಣ್ಣಗಿರುವಾಗ ಸರಿಯೆನಿಸಿದ್ದು ಬಿಸಿಯಲ್ಲಿ ಹೆಚ್ಚಾಗಿರುತ್ತದೆ. ಹೆಚ್ಚಾದರೆ ತಿರುಗುವ ಭಾಗಗಳು ಕಡೆದು ನೊರೆ ಎಬ್ಬಿಸುತ್ತವೆ, ಕಡಿಮೆಯಾದರೆ ಪಂಪ್ ಗಾಳಿ ಎಳೆಯುತ್ತದೆ. ಎರಡರಲ್ಲೂ ಒತ್ತಡ ಕುಸಿದು ಕ್ಲಚ್ ಜಾರುತ್ತದೆ. ಡಿಪ್‌ಸ್ಟಿಕ್ ಇರುವ ಹಳೆಯ ಗಾಡಿಗಳಲ್ಲಿ ಸಾಮಾನ್ಯವಾಗಿ ಎಂಜಿನ್ ಬಿಸಿಯಾಗಿ ಓಡುತ್ತಿರುವಾಗಲೇ ನೋಡುವ ಪದ್ಧತಿ. ಹೋಂಡಾದವರು ಎಂಜಿನ್ ನಿಲ್ಲಿಸಿ ಒಂದೂವರೆ ನಿಮಿಷದೊಳಗೆ ನೋಡಿ ಎನ್ನುತ್ತಾರೆ. ಇಂದಿನ ಬಹುಪಾಲು ಗಾಡಿಗಳಿಗೆ ಡಿಪ್‌ಸ್ಟಿಕ್ಕೇ ಇಲ್ಲ. ಸ್ಕ್ಯಾನರ್ ಸಿಕ್ಕಿಸಿ, ಎಂಜಿನ್ ಓಡಿಸುತ್ತಾ, ಆಯಿಲ್ ಬಿಸಿ ಕಂಪನಿ ಹೇಳಿದ ಡಿಗ್ರಿಗೆ, ಸಾಮಾನ್ಯವಾಗಿ 30ರಿಂದ 50ರ ನಡುವೆ ಎಲ್ಲೋ, ಬಂದಾಗ ಓವರ್‌ಫ್ಲೋ ಬೋಲ್ಟ್ ತೆಗೆಯಬೇಕು. ಹೆಚ್ಚಿದ್ದದ್ದು ಸುರಿದು, ಧಾರೆ ತೊಟ್ಟಿಕ್ಕುವ ಹಂತಕ್ಕೆ ಬಂದಾಗ ಬೋಲ್ಟ್ ಹಾಕಿದರೆ ಮಟ್ಟ ಸರಿ. ಸ್ಕ್ಯಾನರ್ ಇಲ್ಲದೆ, ಕೈಯಲ್ಲಿ ಮುಟ್ಟಿ ‘ಬೆಚ್ಚಗಿದೆ’ ಎನ್ನುವ ಗ್ಯಾರೇಜಿನಿಂದ ನಯವಾಗಿ ಹೊರಟುಬರುವುದು ಮೇಲು.

ಇಳಿಸಿದ ಆಯಿಲ್ ಗೇರ್‌ಬಾಕ್ಸ್‌ನ ಜಾತಕ. ಕಂದುಗಟ್ಟಿದ್ದರೆ ವಯಸ್ಸಾಗಿದೆ ಎಂದಷ್ಟೇ ಅರ್ಥ. ಕಪ್ಪಾಗಿ ಸುಟ್ಟ ವಾಸನೆ ಬಂದರೆ ಕ್ಲಚ್ ಪ್ಲೇಟುಗಳು ಬೆಂದಿವೆ. ಬಣ್ಣ ರೋಸ್ ಮಿಲ್ಕಿನ ಹಾಗಿದ್ದರೆ ರೇಡಿಯೇಟರಿನೊಳಗೆ ಕೂಲಂಟ್ ಮತ್ತು ಆಯಿಲ್ ಬೆರೆತಿವೆ. ನೀರಿನಂಶ ಕ್ಲಚ್ ಹೊದಿಕೆಯ ಅಂಟನ್ನೇ ಬಿಡಿಸುವುದರಿಂದ ಅಂಥ ಗಾಡಿಯನ್ನು ಮತ್ತೆ ಸ್ಟಾರ್ಟ್ ಮಾಡದೆ ಎಳೆದೊಯ್ಯಬೇಕು. ಪ್ಯಾನಿನ ತಳದಲ್ಲಿರುವ ಅಯಸ್ಕಾಂತಗಳಿಗೆ ನುಣ್ಣನೆಯ ಬೂದು ಲೇಪ ಮೆತ್ತಿರುವುದು ಸಹಜ. ಬೆರಳಿಗೆ ಚುಚ್ಚುವ ಚೂರು ಸಿಕ್ಕಿದರೆ ಸಹಜವಲ್ಲ. ಹಳೆಯ ಆಯಿಲನ್ನು ಚರಂಡಿಗೆ ಚೆಲ್ಲುವಂತಿಲ್ಲ. ಬಳಸಿದ ಎಣ್ಣೆಯನ್ನು 2016ರ ಅಪಾಯಕಾರಿ ತ್ಯಾಜ್ಯ ನಿಯಮಗಳಡಿ ಅಧಿಕೃತ ಸಂಸ್ಕರಣೆಗೆ ಕೊಡಬೇಕು. ಗ್ಯಾರೇಜಿನಲ್ಲಿ ಅದಕ್ಕೆಂದು ಡ್ರಮ್ ಇದೆಯೇ ಎಂದು ಕೇಳಲು ಸಂಕೋಚ ಬೇಡ.

ಎಲೆಕ್ಟ್ರಿಕ್ ಕಾರು ಬಂದ ಮೇಲೆ ಈ ರಗಳೆಯೇ ಇಲ್ಲವಲ್ಲ ಎನ್ನುವವರೂ ಇದ್ದಾರೆ. ಗೇರ್ ಬದಲಾವಣೆ ಇಲ್ಲ, ನಿಜ. ಆದರೆ ಮೋಟಾರಿನ ವೇಗ ಇಳಿಸುವ ಒಂದು ಗೇರ್ ಪೆಟ್ಟಿಗೆ ಅಲ್ಲೂ ಇದೆ, ಅದರಲ್ಲೂ ಆಯಿಲ್ ಇದೆ. ಹಲವು ಹೈಬ್ರಿಡ್ ಮತ್ತು ಎಲೆಕ್ಟ್ರಿಕ್ ಕಾರುಗಳಲ್ಲಿ ಅದೇ ಆಯಿಲ್ ಮೋಟಾರಿನ ತಾಮ್ರದ ಸುರುಳಿಗಳನ್ನೂ ತಣಿಸಬೇಕು. ಅಂದರೆ ತಾಮ್ರ ತಿನ್ನಬಾರದು, ವಿದ್ಯುತ್ ಹರಿಯಗೊಡಬಾರದು. ಷರತ್ತು ಇನ್ನೆರಡು ಹೆಚ್ಚಿದವು.

ಉಳಿದದ್ದು ಗ್ಯಾರೇಜುಗಳ ಅತಿ ಹಳೆಯ ವ್ಯಾಜ್ಯ: ಲಕ್ಷ ಕಿಲೋಮೀಟರ್ ದಾಟಿ, ಒಮ್ಮೆಯೂ ಆಯಿಲ್ ಬದಲಿಸದ ಗಾಡಿಯನ್ನು ಈಗ ಮುಟ್ಟಬೇಕೇ? ‘ಬೇಡ ಸಾರ್, ಹೊಸ ಆಯಿಲ್ ಹಾಕಿದ್ರೆ ಸ್ಲಿಪ್ ಶುರುವಾಗುತ್ತೆ’ ಎನ್ನುವವರ ಮಾತು ಪೂರ್ತಿ ಕಟ್ಟುಕತೆಯಲ್ಲ. ಸವೆದ ಪ್ಲೇಟುಗಳಿಗೆ ಆಯಿಲ್‌ನಲ್ಲಿ ತೇಲುವ ಪುಡಿಯೇ ಕೊಂಚ ಹಿಡಿತ ಕೊಡುತ್ತಿರಬಹುದು. ಹೊಸ ಆಯಿಲ್ ಆ ಆಸರೆಯನ್ನು ತೊಳೆದುಬಿಡುತ್ತದೆ. ಆದರೆ ಅಂಥ ಪೆಟ್ಟಿಗೆ ಆಯಿಲ್ ಬದಲಿಸುವ ಮೊದಲೇ ಸತ್ತಿತ್ತು. ಜನ ಆಯಿಲ್ ನೆನಪಿಸಿಕೊಳ್ಳುವುದೇ ಗಾಡಿ ಜರ್ಕ್ ಹೊಡೆಯಲು ಶುರುಮಾಡಿದ ಮೇಲೆ, ಹೀಗಾಗಿ ಸಾವಿನ ಅಪವಾದ ಹೊಸ ಆಯಿಲ್‌ನ ಮೇಲೆ ಬೀಳುತ್ತದೆ. ನಾನಾದರೆ ಮೊದಲು ಗಾಡಿ ಓಡಿಸಿ ನೋಡುತ್ತೇನೆ. ಈಗಾಗಲೇ ಎಂಜಿನ್ ಕೂಗಿ ಗಾಡಿ ಮುಂದೆ ಹೋಗದಿದ್ದರೆ ಆಯಿಲ್‌ಗೆ ದುಡ್ಡು ಹಾಕದೆ ರಿಪೇರಿಯ ಅಂದಾಜು ಕೇಳುತ್ತೇನೆ. ಗೇರ್ ಸರಾಗವಾಗಿ ಬೀಳುತ್ತಿದ್ದರೆ, ಫ್ಲಶ್ ಯಂತ್ರ ಮುಟ್ಟದೆ ಒಂದು ಸಲ ಇಳಿಸಿ, ಪ್ಯಾನ್ ಬಿಚ್ಚಿ ಅಯಸ್ಕಾಂತ ನೋಡಿ, ಲೋಹದ ಚೂರಿಲ್ಲದಿದ್ದರೆ ಕೈಪಿಡಿ ಹೇಳಿದ ಆಯಿಲನ್ನೇ ಇಳಿದಷ್ಟು ಹಾಕಿಸಿ, ಒಂದೆರಡು ಸಾವಿರ ಕಿಲೋಮೀಟರ್ ಓಡಿದ ಮೇಲೆ ಎರಡನೇ ಕಂತು ಮಾಡಿಸುತ್ತೇನೆ. ಬಿಲ್ಲಿನಲ್ಲಿ ಆಯಿಲ್‌ನ ಹೆಸರು, ಲೀಟರ್ ಮತ್ತು ಕಿಲೋಮೀಟರ್ ಅಂಕಿ ಬರೆಸಿ ಸರ್ವಿಸ್ ಪುಸ್ತಕಕ್ಕೆ ಪಿನ್ ಹೊಡೆದಿಡುತ್ತೇನೆ. ನಾಳೆ ಗಾಡಿ ಮಾರುವಾಗ ಕೊಳ್ಳುವವರು ಬಂಪರಿನ ಗೀರಿಗಿಂತ ಮೊದಲು ಆ ಕಾಗದ ಕೇಳುವವರಾಗಿದ್ದರೆ, ಅವರೊಂದಿಗೆ ಚೌಕಾಸಿ ಕಷ್ಟ.